‘ಪರ’ ಶಬ್ದದ ಅರ್ಥವಿಚಾರ

ಶಬ್ದಗಳಲ್ಲಿ ಕೆಲವು ಗಾತ್ರದಿಂದ ಕಿರಿದಾಗಿದ್ದು ಅರ್ಥದಿಂದ ಹಿರಿದಾಗಿರುತ್ತವೆ. ಎರಡೇ ಅಕ್ಷರಗಳ ‘ಪರ’ ಎಂಬ ಶಬ್ದವು ಅಂಥದು. ‘ಪರಶಿವ’ ಎಂಬಲ್ಲಿ ಅದು ಎಲ್ಲಕ್ಕೂ ಮೇಲಾದುದು. ‘ಪರಧನ’ ಎಂಬಲ್ಲಿ ಮುಟ್ಟಬಾರದುದು. ‘ಪರಹಿತ’ ಎಂಬಲ್ಲಿ ಮಾಡಲೇಬೇಕಾದುದು. ‘ಪರಚಿಂತೆ’ ಎಂಬಲ್ಲಿ ಬಿಡಲೇಬೇಕಾದುದು. ಒಂದೇ ಶಬ್ದವು ಒಂದೆಡೆ ವಂದ್ಯವೂ ಇನ್ನೊಂದೆಡೆ ವರ್ಜ್ಯವೂ ಆಗುವುದು ಹೇಗೆ? ಪರರ ಕಡೆಗೆ ಮುಖಮಾಡಿ ಬಾಳುವುದು ಗುಣವೋ ದೋಷವೋ? ಈ ಪ್ರಶ್ನೆಯನ್ನು ಶಬ್ದದ ದಾರಿಯಿಂದಲೇ ವಿಚಾರಿಸಿ ನೋಡುವುದು ಪ್ರಕೃತ ಲೇಖನದ ಉದ್ದೇಶ.

ಈ ವಿಚಾರಕ್ಕೆ ನನ್ನನ್ನು ತೊಡಗಿಸಿದವಳು ಒಂಬತ್ತನೆಯ ತರಗತಿಯ ಒಬ್ಬ ವಿದ್ಯಾರ್ಥಿನಿ. 2016-17ರ ಬರಗಾಲದ ವರ್ಷ. ನಾನು ಆಗ ಮೊಳಕಾಲ್ಮೂರು ತಾಲ್ಲೂಕಿನ ಒಂದು ಪ್ರೌಢಶಾಲೆಯಲ್ಲಿ ಕನ್ನಡ ಬೋಧಿಸುತ್ತಿದ್ದೆನು. ಶೇಂಗಾ ಬೆಳೆ ಕೈಕೊಟ್ಟು ಎಷ್ಟೋ ಮನೆಯವರು ಗುಳೆ ಹೋಗಿದ್ದರು. ಮಧ್ಯಾಹ್ನದ ಊಟದ ಹೊತ್ತಿನಲ್ಲಿ ಆ ಹುಡುಗಿ ತನ್ನ ತಟ್ಟೆಯ ಅನ್ನದಲ್ಲಿ ಅರ್ಧವನ್ನು ಡಬ್ಬಿಗೆ ತುಂಬಿಕೊಳ್ಳುತ್ತಿದ್ದುದನ್ನು ಕಂಡೆ. ಶಾಲೆಯ ಊಟವನ್ನು ಹೊರಗೆ ಒಯ್ಯಬಾರದೆಂಬ ಕಟ್ಟಳೆಯಿತ್ತು. ಗದರಿಸಿದೆನು. ನೆರೆಮನೆಯ ಅಜ್ಜಿಯೊಬ್ಬಳನ್ನು ಬಿಟ್ಟು ಮನೆಯವರೆಲ್ಲ ಬೆಂಗಳೂರಿಗೆ ದುಡಿಯಲು ಹೋಗಿರುವರೆಂದೂ ಅನ್ನವು ಆಕೆಗೆಂದೂ ಹುಡುಗಿ ಹೇಳಿದಳು. ನಾನು ಕಟ್ಟಳೆಯ ಮಾತನ್ನೇ ಮತ್ತೆ ಹೇಳಿ ಡಬ್ಬಿಯನ್ನು ಬರಿದು ಮಾಡಿಸಿದೆನು.

ಅದೇ ವಾರ ತರಗತಿಯಲ್ಲಿ ಬಸವಣ್ಣನವರ ಒಂದು ವಚನವನ್ನು ವಿವರಿಸಬೇಕಾಯಿತು. ಲೋಕದ ಡೊಂಕನ್ನು ತಿದ್ದ ಹೊರಟವರನ್ನು ಕುರಿತ, ನೆರೆಯವರ ದುಃಖಕ್ಕೆ ಕಣ್ಣೀರಿಡುವವರನ್ನು ದೇವನು ಮೆಚ್ಚನೆಂದು ಮುಗಿಯುವ ಆ ವಚನವು ವಾಚಕರೆಲ್ಲರಿಗೂ ಪರಿಚಿತವಾದುದೇ. ‘ಪರರ ಚಿಂತೆ ನಮಗೆ ಬೇಡ, ನಮ್ಮನ್ನು ನಾವು ತಿದ್ದಿಕೊಂಡರೆ ಸಾಕು’ ಎಂದು ಸುಲಭವಾಗಿ ಅರ್ಥ ಹೇಳಿದೆನು. ಹುಡುಗಿ ಎದ್ದು ನಿಂತು, “ಸಾರ್, ಹಂಗಾದ್ರೆ ನಾನು ಅಜ್ಜಿಗೆ ಅನ್ನ ಒಯ್ಯೋದು ಬಸವಣ್ಣನಿಗೂ ಇಷ್ಟ ಇಲ್ವಾ?” ಎಂದಳು. ಉತ್ತರ ನನ್ನಲ್ಲಿರಲಿಲ್ಲ. ಮೂವತ್ತು ವರ್ಷಗಳಿಗೂ ಮೇಲ್ಪಟ್ಟು ಆ ವಚನವನ್ನು ಬೋಧಿಸಿದ್ದವನಿಗೆ ಅದರ ಅರ್ಥ ತಿಳಿದಿಲ್ಲವೆಂಬುದು ಅಂದು ತಿಳಿಯಿತು.

ನಿಘಂಟಿನ ಮೂರು ಎಳೆಗಳು

ಸಂಸ್ಕೃತದಿಂದ ಬಂದ ‘ಪರ’ ಶಬ್ದದ ಅರ್ಥಗಳು ಹಲವು. ಅವುಗಳನ್ನು ಮೂರು ಎಳೆಗಳಾಗಿ ಬಿಡಿಸಿಕೊಳ್ಳಬಹುದು. ಮೊದಲನೆಯದು ‘ಆಚೆಯದು, ಬೇರೆಯದು, ತನ್ನದಲ್ಲದ್ದು’ ಎಂಬುದು. ಪರದೇಶ, ಪರಭಾಷೆ, ಪರಕೀಯ, ಪರಾಧೀನ, ಪರತಂತ್ರ ಇವೆಲ್ಲ ಈ ಎಳೆಗೆ ಸೇರಿದವು. ಕೋಗಿಲೆಗೆ ನಮ್ಮ ಪ್ರಾಚೀನ ಕವಿಗಳು ‘ಪರಪುಟ್ಟ’ ಎಂಬ ಹೆಸರನ್ನು ಬಳಸಿದ್ದಾರೆ. ಪರರ ಗೂಡಿನಲ್ಲಿ, ಪರರ ಕೊಕ್ಕಿನ ತುತ್ತಿನಿಂದ ಬೆಳೆದುದು ಎಂಬ ಕಾರಣಕ್ಕೆ. ಬೇರೆಯವನು ಎಂಬ ಅರ್ಥವೇ ಮುಂದುವರಿದು ‘ಹಗೆ’ ಎಂಬ ಅರ್ಥವೂ ಈ ಶಬ್ದಕ್ಕೆ ಬಂದಿತು. ಅನ್ಯನನ್ನು ವೈರಿಯೆಂದು ಎಣಿಸುವುದಕ್ಕೆ ಮನುಷ್ಯನಿಗೆ ಹೆಚ್ಚು ಹೊತ್ತು ಬೇಕಾಗಲಿಲ್ಲವೆಂಬುದಕ್ಕೆ ನಿಘಂಟೇ ಸಾಕ್ಷಿ.

ಎರಡನೆಯ ಎಳೆ ‘ಶ್ರೇಷ್ಠವಾದುದು, ಕೊನೆಯದು’ ಎಂಬುದು. ಪರಶಿವ, ಪರವಸ್ತು, ಪರಬ್ರಹ್ಮ, ಪರತತ್ತ್ವ, ಇಹಪರ ಎಂಬಲ್ಲಿ ಇರುವುದು ಈ ಅರ್ಥ. ಆಚೆಯದು ಎಂಬುದರಿಂದಲೇ ಇದು ಹುಟ್ಟಿತು. ಎಲ್ಲಕ್ಕೂ ಆಚೆಗಿರುವುದೇ ಎಲ್ಲಕ್ಕೂ ಮೇಲಾದುದು. ಇದಕ್ಕೆ ‘ಮ’ ಪ್ರತ್ಯಯ ಸೇರಿ ‘ಪರಮ’ ಎಂದಾಯಿತು.

ಮೂರನೆಯ ಎಳೆ ‘ಅದರಲ್ಲಿಯೇ ತೊಡಗಿದುದು, ಅದನ್ನೇ ಮುಖ್ಯವೆಂದು ಹಿಡಿದುದು’ ಎಂಬುದು. ಸಮಾಸದ ಕೊನೆಯಲ್ಲಿ ನಿಂತಾಗ ‘ಪರ’ ಶಬ್ದ ಈ ಅರ್ಥವನ್ನು ಪಡೆಯುತ್ತದೆ: ತತ್ಪರ, ಧರ್ಮಪರ, ಧ್ಯಾನಪರ. ಇಂದು ಪತ್ರಿಕೆಗಳಲ್ಲಿ ನಾವು ದಿನವೂ ಓದುವ ಜನಪರ, ರೈತಪರ, ಕನ್ನಡಪರ ಎಂಬ ಮಾತುಗಳು ಈ ಮೂರನೆಯ ಎಳೆಯ ಕವಲುಗಳೇ. ನ್ಯಾಯಾಲಯದ ‘ವಾದಿಯ ಪರ ವಕೀಲರು’ ಎಂಬ ಪ್ರಯೋಗವೂ, ‘ಅವರ ಪರವಾಗಿ ನಾನು ಮಾತನಾಡುತ್ತೇನೆ’ ಎಂಬ ದಿನಬಳಕೆಯ ಮಾತೂ ಇಲ್ಲಿಗೆ ಸೇರುತ್ತವೆ. ಮುಂದೆ ನಿಂತರೆ ‘ಬೇರೆಯವನು’, ಹಿಂದೆ ನಿಂತರೆ ‘ನಿನ್ನ ಕಡೆಯವನು’! ಪದವು ನಿಂತ ಸ್ಥಾನದಿಂದಲೇ ಹಗೆಯು ಹೊಂದಿಕೆಯಾಗುವ ಈ ವಿಚಿತ್ರವನ್ನು ಸಾಹಿತ್ಯದ ವಿದ್ಯಾರ್ಥಿಗಳು ಗಮನಿಸಬೇಕು.

‘ಪರಸ್ಪರ’ ಎಂಬ ಶಬ್ದದಲ್ಲಿ ‘ಪರ’ ಎರಡು ಬಾರಿ ಬಂದಿದೆ. ನನಗೆ ನೀನು ಪರ; ನಿನಗೆ ನಾನು ಪರ. ಇಬ್ಬರೂ ಪರರೆಂಬುದನ್ನು ಇಬ್ಬರೂ ಅರಿತಾಗ ಪರತ್ವವು ಅಳಿಯದಿದ್ದರೂ ಅದರ ಮುಳ್ಳು ಮುರಿಯುತ್ತದೆ. ಹೀಗೆ ಒಂದು ಭಾಷೆಯ ಶಬ್ದರಚನೆಯಲ್ಲಿಯೇ ನೀತಿಯೊಂದು ಅಡಗಿರುವುದುಂಟು.

ವ್ಯಾಕರಣದ ಸಾಕ್ಷ್ಯ

ಪಾಣಿನಿಯ ವ್ಯಾಕರಣದಲ್ಲಿ ಕ್ರಿಯಾಪದಗಳಿಗೆ ‘ಪರಸ್ಮೈಪದ’, ‘ಆತ್ಮನೇಪದ’ ಎಂಬ ಎರಡು ಬಗೆಗಳುಂಟು. ಪರಸ್ಮೈಪದವೆಂದರೆ ಪರನಿಗಾಗಿ ಆದ ಪದ. ಆತ್ಮನೇಪದವೆಂದರೆ ತನಗಾಗಿ ಆದ ಪದ. ಎರಡೂ ರೂಪಗಳಲ್ಲಿ ನಡೆಯುವ ಧಾತುಗಳಲ್ಲಿ, ಕ್ರಿಯೆಯ ಫಲವು ಮಾಡುವವನಿಗೇ ಸಲ್ಲುವುದಾದರೆ ಆತ್ಮನೇಪದವನ್ನು ಹೇಳಿದೆ. ‘ಪಚತೇ’ ಎಂದರೆ ತನಗಾಗಿ ಅಡುಗೆ ಮಾಡುತ್ತಾನೆ. ‘ಪಚತಿ’ ಎಂದರೆ ಪರರಿಗಾಗಿ ಅಡುಗೆ ಮಾಡುತ್ತಾನೆ. ಪ್ರಯೋಗದಲ್ಲಿ ಈ ಭೇದವು ಕ್ರಮೇಣ ಸಡಿಲವಾಯಿತಾದರೂ, ಒಲೆಯ ಮೇಲಿನ ಒಂದೇ ಅನ್ನವು ಯಾರಿಗಾಗಿ ಬೇಯುತ್ತಿದೆಯೆಂಬುದನ್ನು ಕ್ರಿಯಾಪದವೇ ಹೇಳಬೇಕೆಂದು ವೈಯಾಕರಣರು ಬಗೆದುದು ಸಾಮಾನ್ಯ ಸಂಗತಿಯಲ್ಲ.

ಕನ್ನಡದಲ್ಲಿ ಈ ಪದಭೇದವಿಲ್ಲ. ಆದರೆ ಅದೇ ಕೆಲಸವನ್ನು ಮಾಡುವ ಅಚ್ಚಗನ್ನಡದ ಎರಡು ಧಾತುಗಳಿವೆ: ಕೊಳ್ಳು ಮತ್ತು ಕೊಡು. ‘ಅಡುಗೆ ಮಾಡಿಕೊಂಡಳು’ ಎಂದರೆ ಒಂದು. ‘ಅಡುಗೆ ಮಾಡಿಕೊಟ್ಟಳು’ ಎಂದರೆ ಇನ್ನೊಂದು. ಓದಿಕೊ, ಓದಿಕೊಡು, ಬರೆದುಕೊ, ಬರೆದುಕೊಡು, ತಿದ್ದಿಕೊ, ತಿದ್ದಿಕೊಡು. ಯಾವ ಕ್ರಿಯೆಯನ್ನಾದರೂ ತನ್ನ ಕಡೆಗೆ ತಿರುಗಿಸಲು ‘ಕೊಳ್’, ಪರರ ಕಡೆಗೆ ತಿರುಗಿಸಲು ‘ಕೊಡು’. ಹಳ್ಳಿಯ ಅನಕ್ಷರಸ್ಥರೂ ತಪ್ಪಿಲ್ಲದೆ ಬಳಸುವ ಈ ಎರಡು ಧಾತುಗಳೇ ಪ್ರಕೃತ ವಿಚಾರಕ್ಕೆ ಕೀಲಿಕೈಯೆಂಬುದು ಮುಂದೆ ತಿಳಿಯುವುದು.

ಪರಾಙ್ಮುಖ, ಪರಾಕು, ಬಹಿರ್ಮುಖ

‘ಪರ’ ಶಬ್ದದ ಜೊತೆಗೆ ‘ಪರಾ’ ಎಂಬ ಉಪಸರ್ಗವನ್ನು ಬೆರೆಸಬಾರದು. ಅದಕ್ಕೆ ‘ದೂರಕ್ಕೆ, ವಿಮುಖವಾಗಿ’ ಎಂಬ ಅರ್ಥವಿದೆ. ‘ಪರಾಙ್ಮುಖ’ ಎಂದರೆ ಮುಖ ತಿರುಗಿಸಿದವನು. ‘ಯುದ್ಧಪರಾಙ್ಮುಖ’ ಎಂದರೆ ಯುದ್ಧದಿಂದ ಹಿಮ್ಮೆಟ್ಟಿದವನು. ಆದ್ದರಿಂದ ಪರಾಙ್ಮುಖನು ಪರರ ಕಡೆಗೆ ಮುಖ ಮಾಡಿದವನಲ್ಲ, ಪರರಿಂದ ಮುಖ ತಿರುಗಿಸಿದವನು. ವಿದ್ಯಾರ್ಥಿಗಳು ಇಲ್ಲಿ ಎಡವುವುದುಂಟು.

ಕನ್ನಡದ ‘ಪರಾಕು’ ಎಂಬ ಮಾತನ್ನು ಸಂಸ್ಕೃತದ ‘ಪರಾಕ್’ ಎಂಬುದರೊಡನೆ ಸಂಬಂಧಿಸಬಹುದು. 1894ರಲ್ಲಿ ಮಂಗಳೂರಿನಲ್ಲಿ ಪ್ರಕಟವಾದ ರೆವರೆಂಡ್ ಕಿಟೆಲ್ ಅವರ ನಿಘಂಟಿನ ಕಾಲಕ್ಕಾಗಲೇ ಇದಕ್ಕೆ ಒಂದಕ್ಕೊಂದು ಎದುರಾದ ಎರಡು ಅರ್ಥಗಳು ನೆಲೆಗೊಂಡಿದ್ದವು. ಒಂದು, ಮನಸ್ಸು ಬೇರೆಡೆಗೆ ಹರಿಯುವುದು, ಅಲಕ್ಷ್ಯ. ‘ಪರಾಕು ಮಾಡಬೇಡ’ ಎಂದರೆ ಅಸಡ್ಡೆ ಮಾಡಬೇಡ ಎಂದು. ಇನ್ನೊಂದು, ಒಡ್ಡೋಲಗದಲ್ಲಿ ವಂದಿಮಾಗಧರು ‘ಎಚ್ಚರ!’ ಎಂದು ಕೂಗುವ ಘೋಷ. ‘ಬಹುಪರಾಕ್’ ಎಂಬುದು ಇಂದಿಗೂ ಉಳಿದುಬಂದಿದೆ. ಮರೆವೂ ಎಚ್ಚರವೂ ಒಂದೇ ಶಬ್ದದಲ್ಲಿ ಮನೆಮಾಡಿವೆ! ಹೊರಗೆ ನೋಡುವ ಕಣ್ಣು ತನ್ನನ್ನು ಮರೆಯಲೂಬಹುದು, ಬಂದವರನ್ನು ಕಂಡು ಎಚ್ಚರಗೊಳ್ಳಲೂಬಹುದು.

‘ಬಹಿರ್ಮುಖ’ ಎಂಬುದು ಆಧ್ಯಾತ್ಮಿಕ ಗ್ರಂಥಗಳಲ್ಲಿ ಸಾಮಾನ್ಯವಾಗಿ ದೋಷವಾಚಕ. ಇಂದ್ರಿಯಗಳ ಬಾಗಿಲುಗಳು ಹೊರಮುಖವಾಗಿ ತೆರೆದಿರುವುದರಿಂದ ಜೀವನು ಹೊರಗನ್ನೇ ನೋಡುತ್ತಾನೆ, ಒಳಗಿನ ಆತ್ಮನನ್ನು ನೋಡನು ಎಂಬ ಭಾವವು ಕಠೋಪನಿಷತ್ತಿನಲ್ಲಿದೆ. ಇತ್ತೀಚಿನ ಮನಶ್ಶಾಸ್ತ್ರದ ಕನ್ನಡ ಪುಸ್ತಕಗಳಲ್ಲಾದರೆ ಬಹಿರ್ಮುಖಿ, ಅಂತರ್ಮುಖಿ ಎಂಬುವು ಹೊಗಳಿಕೆಯೂ ಅಲ್ಲ, ತೆಗಳಿಕೆಯೂ ಅಲ್ಲ. ಸ್ವಿಟ್ಜರ್ಲೆಂಡಿನ ಮನೋವಿಜ್ಞಾನಿ ಯೂಂಗ್ 1921ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಮಾಡಿದ ಸ್ವಭಾವವಿಭಾಗಕ್ಕೆ ಅವು ಕನ್ನಡದ ಹೆಸರುಗಳು. ಬಹಿರ್ಮುಖಿಯು ಪರೋಪಕಾರಿಯೇ ಆಗಬೇಕೆಂದಿಲ್ಲ. ಅಂತರ್ಮುಖಿಯು ಸ್ವಾರ್ಥಿಯೆಂದೂ ಅಲ್ಲ. ಮುಖದ ದಿಕ್ಕು ಬೇರೆ, ಮನದ ಗುರಿ ಬೇರೆ. ಈ ಎರಡನ್ನು ಒಂದೆಂದು ತಿಳಿಯುವುದರಿಂದಲೇ ಗೊಂದಲಗಳು ಹುಟ್ಟುತ್ತವೆ.

ವಚನಗಳಲ್ಲಿ ‘ಪರ’, ‘ಅನ್ಯ’, ‘ಇದಿರು’

ವಚನಗಳಲ್ಲಿ ‘ಪರ’ ಶಬ್ದವು ಮೇಲೆ ಹೇಳಿದ ಮೊದಲ ಎರಡು ಎಳೆಗಳಲ್ಲಿ ವಿಪುಲವಾಗಿ ಬಂದಿದೆ. ಪರಧನ, ಪರಸತಿ, ಪರದೈವ, ಪರನಿಂದೆ ಇವು ಶರಣನು ಬಿಡಬೇಕಾದುವು. ಪರಶಿವ, ಪರವಸ್ತು ಇವು ಅವನು ಸೇರಬೇಕಾದುವು. ಒಂದೇ ಶಬ್ದದ ಒಂದು ದಡವನ್ನು ಬಿಟ್ಟು ಇನ್ನೊಂದು ದಡವನ್ನು ಸೇರುವುದೇ ಸಾಧನೆಯೆಂದು ಚಮತ್ಕಾರಕ್ಕಾಗಿ ಹೇಳಬಹುದು. ಆದರೆ ಬರಿಯ ಚಮತ್ಕಾರದಿಂದ ಆ ಹುಡುಗಿಯ ಪ್ರಶ್ನೆ ಬಗೆಹರಿಯದು. ಬಿಡಬೇಕಾದ ಪಟ್ಟಿಯಲ್ಲಿ ಪರರ ಹಣವಿದೆ, ಪರರ ನಿಂದೆಯಿದೆ. ಪರರ ಹಸಿವು ಇಲ್ಲ. ಇದನ್ನು ಮೊದಲು ಗುರುತಿಸಬೇಕು.

ಅಂತರಂಗ ಬಹಿರಂಗಗಳ ಶುದ್ಧಿಯನ್ನು ಏಳು ನಿಷೇಧಗಳಲ್ಲಿ ಹೇಳುವ ಬಸವಣ್ಣನವರ ಸುಪ್ರಸಿದ್ಧ ವಚನವನ್ನು ನೆನೆಯಿರಿ. ಅಲ್ಲಿ ‘ಪರ’ ಎಂಬ ಶಬ್ದವಿಲ್ಲ. ಅಸಹ್ಯಪಡಬಾರದೆಂಬಲ್ಲಿ ‘ಅನ್ಯ’ ಎಂಬ ಶಬ್ದವಿದೆ. ಹಳಿಯಬಾರದೆಂಬಲ್ಲಿ ‘ಇದಿರು’ ಎಂಬ ಶಬ್ದವಿದೆ. ಅನ್ಯನೆಂದರೆ ನಾನಲ್ಲದವನು. ಇದಿರು ಎಂದರೆ ನನ್ನ ಮುಖಕ್ಕೆ ಮುಖವಾಗಿ ನಿಂತವನು. ಸಂಸ್ಕೃತದ ‘ಪರ’ವು ಆಚೆಗಿರುವವನನ್ನು ಸೂಚಿಸಿದರೆ ಕನ್ನಡದ ‘ಇದಿರು’ ಕಣ್ಣಮುಂದೆ ನಿಂತವನನ್ನು ಸೂಚಿಸುತ್ತದೆ. ‘ತಾನು’ ಮತ್ತು ‘ಇದಿರು’ ಎಂಬುದು ವಚನಗಳ ಒಂದು ಮುಖ್ಯ ಶಬ್ದದ್ವಂದ್ವ. ತಾನಿದಿರೆಂಬ ಭೇದವಳಿದ ನಿಲುವೇ ಐಕ್ಯದ ಕಡೆಗಿನ ನಡೆ. ಆದರೆ ಅಳಿಯಬೇಕಾದುದು ಭೇದವೇ ಹೊರತು ಇದಿರಿಗೆ ನಿಂತ ಮನುಷ್ಯನಲ್ಲ.

ಈ ಸಂದರ್ಭದಲ್ಲಿ ‘ಜಂಗಮ’ ಮತ್ತು ‘ದಾಸೋಹ’ ಶಬ್ದಗಳನ್ನು ಗಮನಿಸಬೇಕು. ಜಂಗಮವೆಂದರೆ ಚಲಿಸುವುದು. ಸ್ಥಾವರವನ್ನು ನಾವು ಹುಡುಕಿಕೊಂಡು ಹೋಗಬೇಕು. ಜಂಗಮವು ತಾನಾಗಿ ಬಾಗಿಲಿಗೆ ಬಂದು ಇದಿರಿಗೆ ನಿಲ್ಲುತ್ತದೆ. ಮರಕ್ಕೆ ಎರೆಯುವ ನೀರನ್ನು ಬೇರಿಗೆ ಎರೆಯಬೇಕು, ಆಗ ಮೇಲೆ ಚಿಗುರುತ್ತದೆ. ಹಾಗೆಯೇ ಲಿಂಗಕ್ಕೆ ಸಲ್ಲಿಸುವುದನ್ನು ಜಂಗಮದ ಮುಖದಿಂದ ಸಲ್ಲಿಸಬೇಕು ಎಂಬುದು ಬಸವಣ್ಣನವರ ದೃಷ್ಟಾಂತ. ಇದರ ಅರ್ಥವೇನು? ಪರವಸ್ತುವಿಗೆ ಬಾಯಿ ಇರುವುದು ಪರನಲ್ಲಿ! ನಿಘಂಟಿನಲ್ಲಿ ಬೇರೆಬೇರೆಯಾಗಿದ್ದ ‘ಶ್ರೇಷ್ಠ’ ಮತ್ತು ‘ಅನ್ಯ’ ಎಂಬ ಎಳೆಗಳು ಇಲ್ಲಿ ಒಂದಾಗಿ ಹೊಸೆದುಕೊಳ್ಳುತ್ತವೆ. ‘ದಾಸಃ ಅಹಂ’ ಎಂಬುದು ಸಂಧಿಯಾಗಿ ‘ದಾಸೋಹಂ’ ಎಂದಾಯಿತು. ‘ನಾನು ದಾಸನು’ ಎಂಬ ವಾಕ್ಯವೇ ಕನ್ನಡದಲ್ಲಿ ನಾಮಪದವಾಗಿ, ಅನ್ನ ನೀಡುವ ಕಾರ್ಯಕ್ಕೆ ಹೆಸರಾಯಿತು. ನೀಡುವವನು ಒಡೆಯನಲ್ಲ, ದಾಸನು ಎಂಬ ಎಚ್ಚರವನ್ನು ಈ ಶಬ್ದವು ತನ್ನ ಹೊಟ್ಟೆಯಲ್ಲಿಯೇ ಇಟ್ಟುಕೊಂಡಿದೆ. ಕರ್ನಾಟಕ ಸರ್ಕಾರವು 2002ರಲ್ಲಿ ಆರಂಭಿಸಿದ ಶಾಲಾಮಕ್ಕಳ ಬಿಸಿಯೂಟದ ಯೋಜನೆಗೆ ‘ಅಕ್ಷರ ದಾಸೋಹ’ವೆಂದು ಹೆಸರು. ನಾನು ಬರಿದು ಮಾಡಿಸಿದ ಡಬ್ಬಿಯಲ್ಲಿದ್ದುದು ಆ ಹೆಸರಿನ ಅನ್ನವೇ.

ಕಠಿಣವಾದ ವಚನದ ವಿಚಾರ

ಈಗ ಆ ವಚನಕ್ಕೆ ಬರೋಣ. ಅದಕ್ಕೆ ಎರಡು ಬಗೆಯ ತಪ್ಪು ಅರ್ಥಗಳು ರೂಢಿಯಲ್ಲಿವೆ. ನೆರೆಯವರ ಗೊಡವೆಯೇ ಬೇಡವೆಂಬುದು ಒಂದು. ನಾನು ಹೇಳಿದುದು ಅದನ್ನೇ. ಇದು ಹೌದಾದರೆ ದಾಸೋಹಕ್ಕೆ ತಮ್ಮ ಬದುಕನ್ನೇ ಸವೆಸಿದ ಬಸವಣ್ಣನವರು ತಮ್ಮ ಮಾತಿಗೆ ತಾವೇ ವಿರುದ್ಧವಾಗಿ ನಡೆದಂತಾಗುತ್ತದೆ. ಎರಡನೆಯದು, ಇದು ಯಾವುದೋ ಕ್ಷಣದ ಬೇಸರದ ನುಡಿ, ಇದಕ್ಕೆ ಹೆಚ್ಚಿನ ಬೆಲೆ ಕೊಡಬೇಕಾಗಿಲ್ಲವೆಂಬುದು. ಇದು ಕಷ್ಟವನ್ನು ತಪ್ಪಿಸಿಕೊಳ್ಳುವ ದಾರಿಯೇ ಹೊರತು ವ್ಯಾಖ್ಯಾನವಲ್ಲ.

ವಚನದ ಶಬ್ದಗಳನ್ನೇ ನೋಡೋಣ. ಅಲ್ಲಿ ಖಂಡನೆಗೆ ಗುರಿಯಾದ ಕ್ರಿಯೆಗಳು ಎರಡು ಮಾತ್ರ: ತಿದ್ದುವುದು ಮತ್ತು ಅಳುವುದು. ನೀಡುವುದನ್ನು, ಉಣಿಸುವುದನ್ನು, ಕೈಹಿಡಿಯುವುದನ್ನು ಅದು ಎಲ್ಲಿಯೂ ನಿಷೇಧಿಸಿಲ್ಲ. ತಿದ್ದುವವನು ಪರರಿಗಿಂತ ಮೇಲೆ ನಿಲ್ಲುತ್ತಾನೆ. ಅಳುವವನು ಪರರಿಂದ ದೂರ ನಿಲ್ಲುತ್ತಾನೆ. ಇಬ್ಬರೂ ತಮ್ಮದನ್ನು ಏನೂ ಕಳೆದುಕೊಳ್ಳುವುದಿಲ್ಲ. ನೆರೆಮನೆಯ ದುಃಖವು ಇವರ ಮಾತಿಗೆ ವಿಷಯವಾಗುತ್ತದೆ, ಕಣ್ಣೀರಿಗೆ ನೆಪವಾಗುತ್ತದೆ. ನೆರೆಮನೆಯ ಒಲೆ ಮಾತ್ರ ಹಾಗೆಯೇ ತಣ್ಣಗಿರುತ್ತದೆ. ಈ ಬಗೆಯ ಪರಚಿಂತೆಯು ‘ಪರಾಕು’ ಎಂಬ ಶಬ್ದದ ಮೊದಲ ಅರ್ಥಕ್ಕೆ ಸೇರಿದುದು: ಹೊರಗೆ ನೋಡಿ ತನ್ನನ್ನು ಮರೆಯುವುದು.

ಇವೆರಡರ ಬದಲಿಗೆ ವಚನವು ವಿಧಿಸುವುದು ಯಾವುದನ್ನು? ತನುವನ್ನೂ ಮನವನ್ನೂ ‘ಸಂತೈಸಿಕೊಳ್ಳು’ವುದನ್ನು. ಹಿಂದೆ ಹೇಳಿದ ‘ಕೊಳ್’ ಧಾತುವು ಇಲ್ಲಿ ಬಂದಿರುವುದನ್ನು ನೋಡಿರಿ. ಸಂತೈಸುವುದು ಸಾಮಾನ್ಯವಾಗಿ ಪರರಿಗೆ ಮಾಡುವ ಕೆಲಸ. ಅದನ್ನು ಮೊದಲು ತನ್ನ ಕಡೆಗೆ ತಿರುಗಿಸಬೇಕೆಂಬುದು ಇಲ್ಲಿನ ಆಶಯ. ಸಂತೈಸಿಕೊಳ್ಳಲಾರದವನು ಸಂತೈಸಿಕೊಡಲಾರನು. ‘ಕೊಳ್’ ಮೊದಲು, ‘ಕೊಡು’ ಆಮೇಲೆ. ಇದು ಕ್ರಮದ ಮಾತು, ನಿರಾಕರಣೆಯ ಮಾತಲ್ಲ. ತನ್ನಲ್ಲಿ ಎಣ್ಣೆಬತ್ತಿ ಸರಿಯಾಗಿರುವ ದೀಪವು ಪಕ್ಕದ ಮನೆಗೆ ಹೋಗಿ ಬೆಳಕಿನ ಉಪದೇಶವನ್ನು ಮಾಡಬೇಕಾಗಿಲ್ಲ. ನಡುವೆ ಬಾಗಿಲು ತೆರೆದಿದ್ದರೆ ಸಾಕು.

ಆಯ್ದಕ್ಕಿ ಲಕ್ಕಮ್ಮನವರ ಪ್ರಸಂಗವು ಇದಕ್ಕೆ ಉತ್ತಮ ನಿದರ್ಶನ. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುವುದು ಮಾರಯ್ಯನವರ ಕಾಯಕ. ಒಂದು ದಿನ ಎಂದಿಗಿಂತ ಹೆಚ್ಚು ಅಕ್ಕಿಯನ್ನು ತಂದಾಗ ಲಕ್ಕಮ್ಮನವರು ಅದನ್ನು ಒಪ್ಪದೆ ಹೆಚ್ಚಿನದನ್ನು ಹಿಂದಿರುಗಿಸೆಂದರು. ದಾಸೋಹಕ್ಕೆ ತಾನೆ, ಹೆಚ್ಚಾದರೇನೆಂದು ಅವರು ಎಣಿಸಲಿಲ್ಲ. ಪರರಿಗೆ ನೀಡುವ ನೆಪದಲ್ಲಿಯೂ ಆಸೆಯು ನುಸುಳಬಲ್ಲದೆಂಬ ಸೂಕ್ಷ್ಮ ಅವರಿಗೆ ತಿಳಿದಿತ್ತು. ತನ್ನ ಕಾಯಕದ ಅಳತೆಯಲ್ಲಿ, ತನ್ನ ಪಾಲಿನಿಂದ ನೀಡಿದುದು ಮಾತ್ರ ದಾಸೋಹ. ಇಲ್ಲಿ ಅಂತರ್ಮುಖತೆಗೂ ಪರಾರ್ಥಕ್ಕೂ ವಿರೋಧವೇ ಇಲ್ಲ. ತನ್ನ ಒಳಗನ್ನು ನೋಡಿಕೊಂಡ ಕಣ್ಣೇ ಕೊಡುವ ಕೈಯನ್ನು ತಿದ್ದುತ್ತಿದೆ.

ಪಾಶ್ಚಾತ್ಯರಲ್ಲಿ 19ನೆಯ ಶತಮಾನದ ಫ್ರೆಂಚ್ ತತ್ತ್ವಜ್ಞಾನಿ ಆಗಸ್ಟ್ ಕಾಂಟ್ ಪರರಿಗಾಗಿ ಬಾಳುವುದಕ್ಕೆ ಒಂದು ಹೊಸ ಶಬ್ದವನ್ನೇ ನಿರ್ಮಿಸಿದನು. ಅದರ ಮೂಲವೂ ‘ಅನ್ಯ’ನೆಂಬ ಅರ್ಥದ್ದೇ. ಕನ್ನಡದಲ್ಲಿ ಅದನ್ನು ಪರಹಿತಚಿಂತನೆ, ಪರಾರ್ಥತೆ ಎಂದು ಅನುವಾದಿಸುತ್ತಾರೆ. ಸ್ವಾರ್ಥ ಮತ್ತು ಪರಾರ್ಥಗಳು ಅಲ್ಲಿ ಎದುರುಬದುರಾದ ಎರಡು ಪಕ್ಷಗಳು. ಶರಣರ ದಾಸೋಹದಲ್ಲಿ ಈ ಎರಡು ಪಕ್ಷಗಳಿಲ್ಲ. ನೀಡುವವನೂ ಪ್ರಸಾದಿಯೇ, ಉಣ್ಣುವವನೂ ಪ್ರಸಾದಿಯೇ.

ನಮ್ಮ ನೆಲದ ನಿದರ್ಶನಗಳು

ಚಳ್ಳಕೆರೆ ಮೊಳಕಾಲ್ಮೂರು ಸೀಮೆಯು ರಾಜ್ಯದಲ್ಲಿ ಅತಿ ಕಡಿಮೆ ಮಳೆ ಬೀಳುವ ಪ್ರದೇಶಗಳಲ್ಲಿ ಒಂದು. ಕೊರತೆಯ ನೆಲದಲ್ಲಿಯೇ ಈ ಶಬ್ದದ ಪರೀಕ್ಷೆ ನಡೆಯಬೇಕು. ಸಮೃದ್ಧಿಯಲ್ಲಿ ಎಲ್ಲರೂ ಪರೋಪಕಾರಿಗಳೇ.

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ ಮತ್ತು ಜಟಿಂಗ ರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು 1892ರಲ್ಲಿ ಬಿ. ಎಲ್. ರೈಸ್ ಅವರು ಬೆಳಕಿಗೆ ತಂದರು. ತಾಯಿತಂದೆಗಳ ಶುಶ್ರೂಷೆ, ಪ್ರಾಣಿಗಳಲ್ಲಿ ದಯೆ, ಸತ್ಯವಚನ, ಗುರುಗಳಲ್ಲಿ ಶಿಷ್ಯರ ಗೌರವ, ಬಂಧುಗಳಲ್ಲಿ ಯುಕ್ತವಾದ ನಡತೆ ಇವು ಅಲ್ಲಿನ ಉಪದೇಶ. ಗಮನಿಸಿರಿ: ಅದರಲ್ಲಿ ‘ಲೋಕ’ವೆಂಬ ಅಮೂರ್ತವಾದ ಪರನಿಲ್ಲ, ತಾಯಿ, ತಂದೆ, ಗುರು, ಬಂಧು ಎಂಬ ಇದಿರಿನವರಿದ್ದಾರೆ. ಅಶೋಕನ 12ನೆಯ ಬಂಡೆಶಾಸನದಲ್ಲಿ ‘ಪರಪಾಸಂಡ’, ಎಂದರೆ ಪರರ ಧರ್ಮಪಂಥ, ಎಂಬ ಪ್ರಯೋಗವಿದೆ. ಅದನ್ನು ಅಕಾರಣವಾಗಿ ಹಳಿಯಬಾರದು, ಗೌರವಿಸಬೇಕು ಎಂಬುದು ಅದರ ವಿಧಿ. ಈ ಶಾಸನದ ಭಾಗವೊಂದು ಕಲಬುರಗಿ ಜಿಲ್ಲೆಯ ಸನ್ನತಿಯಲ್ಲಿಯೂ ದೊರೆತಿದೆ. ಹೀಗೆ ಕ್ರಿಸ್ತಪೂರ್ವ 3ನೆಯ ಶತಮಾನದಲ್ಲಿಯೇ ಪರರನ್ನು ಹಳಿಯಬಾರದೆಂಬ ವಿವೇಕವು ಈ ನಾಡಿನ ಕಲ್ಲಿನಲ್ಲಿ ನಿಂತಿತ್ತು. ಸಾವಿರದ ನಾನೂರು ವರ್ಷಗಳ ಮೇಲೆ ಅದೇ ವಿವೇಕವು ಬಸವಣ್ಣನವರ ಬಾಯಲ್ಲಿ ಕನ್ನಡವಾಯಿತು.

ಜಟಿಂಗ ರಾಮೇಶ್ವರದ ಬೆಟ್ಟಕ್ಕೆ ಇನ್ನೊಂದು ಸ್ಥಳಪುರಾಣವುಂಟು. ಸೀತೆಯನ್ನು ಬಿಡಿಸಲು ರಾವಣನೊಡನೆ ಹೋರಾಡಿದ ಜಟಾಯು ಬಿದ್ದದ್ದು ಅಲ್ಲಿಯೇ ಎನ್ನುತ್ತಾರೆ. ಮುದಿ ಹಕ್ಕಿಯು ಪರರ ದುಃಖವನ್ನು ಕಂಡು ಅಳುತ್ತ ಕೂಡಲಿಲ್ಲ, ಎದ್ದು ಹೋಯಿತು.

ಚಳ್ಳಕೆರೆ ತಾಲ್ಲೂಕಿನ ನಾಯಕನಹಟ್ಟಿಯ ಶ್ರೀ ತಿಪ್ಪೇರುದ್ರಸ್ವಾಮಿಗಳ ಸನ್ನಿಧಿಯಲ್ಲಿ ಒಳಮಠ, ಹೊರಮಠ ಎಂಬ ಎರಡು ಸ್ಥಾನಗಳಿವೆ. ಊರೊಳಗಿನದು ಒಳಮಠ, ಸ್ವಾಮಿಗಳ ಸಮಾಧಿಯಿರುವುದು ಹೊರಮಠದಲ್ಲಿ. ಈ ನೆಲದಲ್ಲಿ ಕೆರೆಗಳನ್ನು ಕಟ್ಟಿಸಿದ ಕೀರ್ತಿಯನ್ನು ಪರಂಪರೆಯು ಅವರಿಗೆ ಸಲ್ಲಿಸುತ್ತದೆ. ಕೆರೆಯ ಕೆಲಸದವರು ಸಂಜೆ ಮಣ್ಣಿನ ಗುಡ್ಡೆ ಮಾಡಿಕೊಂಡರೆ ಅವರವರು ಮಾಡಿದ ಕೆಲಸಕ್ಕೆ ತಕ್ಕ ಹಣವು ಅದರಲ್ಲಿ ದೊರೆಯುತ್ತಿತ್ತೆಂಬುದು ಜನರ ಹೇಳಿಕೆ. ‘ಮಾಡಿದಷ್ಟು ನೀಡು ಭಿಕ್ಷೆ’ ಎಂಬುದು ಅವರ ಹೆಸರಿನೊಡನೆ ಬೆಸೆದುಕೊಂಡ ಮಾತು. ‘ಮಾಡು’ ಎಂಬುದು ತನ್ನ ಕಡೆಯ ಧಾತು; ‘ನೀಡು’ ಎಂಬುದು ಪರರ ಕಡೆಯ ಧಾತು; ನಡುವೆ ‘ಅಷ್ಟು’ ಎಂಬ ಅಳತೆ. ಲಕ್ಕಮ್ಮನವರ ಸೇರಿನಲ್ಲಿಯೇ ಅಳೆದ ಮಾತಿದು. ಒಳಮಠವಿಲ್ಲದ ಹೊರಮಠವಿಲ್ಲ, ಹೊರಮಠಕ್ಕೆ ಹೋಗದೆ ಒಳಮಠದ ಯಾತ್ರೆ ಪೂರೈಸುವುದಿಲ್ಲ.

ಇದೇ ಸೀಮೆಯ ಮ್ಯಾಸನಾಯಕರ ದೇವರ ಎತ್ತುಗಳನ್ನು ಕಂಡವರು ಬಲ್ಲರು. ಅವುಗಳಿಗೆ ನೊಗ ಹೂಡುವುದಿಲ್ಲ, ಉಳುಮೆ ಮಾಡಿಸುವುದಿಲ್ಲ. ಕಿಲಾರಿಯು ತನ್ನದಲ್ಲದ, ತನಗೆ ಲಾಭವಿಲ್ಲದ ಮಂದೆಯನ್ನು ಬರದಲ್ಲಿಯೂ ಕಾಯುತ್ತಾನೆ. ಅವನು ‘ಪರಾರ್ಥ’ವೆಂಬ ಶಬ್ದವನ್ನು ಕೇಳಿರಲಾರನು.

ಶಬ್ದವನ್ನು ಬಲ್ಲವರೂ ಈ ನೆಲದಲ್ಲಿ ಆಗಿಹೋದರು. ಹರಿಹರನ ‘ಬಸವರಾಜದೇವರ ರಗಳೆ’ಯನ್ನು ಸಂಪಾದಿಸಿಕೊಟ್ಟ ಟಿ. ಎಸ್. ವೆಂಕಣ್ಣಯ್ಯನವರು ಚಳ್ಳಕೆರೆ ತಾಲ್ಲೂಕಿನ ತಳುಕಿನವರು. ಶಿಷ್ಯರಾದ ಕುವೆಂಪು ಅವರು ತಮ್ಮ ಮಹಾಕಾವ್ಯವನ್ನು ಈ ಗುರುವಿಗೆ ಅರ್ಪಿಸಿದರು. ಅದೇ ತಾಲ್ಲ���ಕಿನ ಬೆಳಗೆರೆಯ ಕೃಷ್ಣಶಾಸ್ತ್ರಿಗಳು (1916-2013) ಸ್ವಾತಂತ್ರ್ಯ ಹೋರಾಟದಲ್ಲಿ ಪಾಲ್ಗೊಂಡು, ಹಳ್ಳಿಯಲ್ಲಿಯೇ ಶಾಲೆ ಕಟ್ಟಿ, ಮುಕುಂದೂರು ಸ್ವಾಮಿಗಳನ್ನು ಕುರಿತ ‘ಯೇಗ್ದಾಗೆಲ್ಲಾ ಐತೆ’ ಎಂಬ ಕೃತಿಯನ್ನು ಬರೆದರು. ಯೋಗದ ಅಂತರ್ಮುಖವೂ ಶಾಲೆ ಕಟ್ಟುವ ಕಾರ್ಯವೂ ಒಬ್ಬರಲ್ಲಿಯೇ ಕೂಡಿ ನಿಲ್ಲಬಹುದೆಂಬುದಕ್ಕೆ ಬೇರೆ ಪ್ರಮಾಣ ಬೇಕಾಗಿಲ್ಲ.

ಉಪಸಂಹಾರ

ಇನ್ನು ಆ ಹುಡುಗಿಯ ಪ್ರಶ್ನೆ. ಉತ್ತರವನ್ನು ಕಂಡುಕೊಳ್ಳಲು ನನಗೆ ಕೆಲವು ದಿನಗಳು ಬೇಕಾದವು. ಅವಳು ಅತ್ತಿರಲಿಲ್ಲ, ಯಾರನ್ನೂ ತಿದ್ದಲು ಹೊರಟಿರಲಿಲ್ಲ. ತನ್ನ ತಟ್ಟೆಯದನ್ನು ಅರ್ಧ ತಾನು ಉಂಡು ಅರ್ಧವನ್ನು ಎತ್ತಿಟ್ಟಿದ್ದಳು. ವಚನವು ಖಂಡಿಸಿದ ಪರಚಿಂತೆಯು ಅವಳದಾಗಿರಲಿಲ್ಲ, ಅದು ನನ್ನದಾಗಿತ್ತು. ಕಟ್ಟಳೆಯನ್ನು ಹಿಡಿದು ಪರರನ್ನು ತಿದ್ದಲು ಹೊರಟಿದ್ದವನು ನಾನು. ಇದನ್ನು ತರಗತಿಯಲ್ಲಿಯೇ ಹೇಳಿದೆನು. ಹೇಳುವಾಗ ನಾಲಗೆ ಸರಾಗವಾಗಿ ಹೊರಳಲಿಲ್ಲವೆಂಬುದನ್ನೂ ಇಲ್ಲಿ ಮರೆಮಾಚಲಾರೆ. ಆದರೂ ಕಟ್ಟಳೆಯು ಕಟ್ಟಳೆಯೇ. ಶಾಲೆಯ ಅನ್ನವು ಮಕ್ಕಳದು, ಅದರಲ್ಲಿ ಬೆಳೆಯುವ ಹುಡುಗಿಯ ಹೊಟ್ಟೆ ಅರ್ಧವಾಗಬಾರದು. ಮರುದಿನದಿಂದ ನನ್ನ ಮನೆಯ ಬುತ್ತಿಯಲ್ಲಿ ಎರಡು ರೊಟ್ಟಿಗಳು ಹೆಚ್ಚಾದವು. ಅವನ್ನು ಹುಡುಗಿಯೇ ಒಯ್ಯುತ್ತಿದ್ದಳು.

ಒಮ್ಮೆ ನಾನೂ ಜೊತೆಗೆ ಹೋದೆನು. ಅಜ್ಜಿಯು ಕಣ್ಣಿಗೆ ಕೈ ಮರೆಮಾಡಿಕೊಂಡು ನೋಡಿ, “ಯಾರಪ್ಪಾ ನೀನು? ಈ ಪರದೇಶಿ ಮನೇಗೆ ಯಾಕೆ ಬಂದೆ?” ಎಂದಳು. ನಮ್ಮ ಆಡುಮಾತಿನಲ್ಲಿ ‘ಪರದೇಶಿ’ ಎಂದರೆ ಬೇರೆ ದೇಶದವನಲ್ಲ. ತನ್ನವರೆಂಬವರು ಯಾರೂ ಇಲ್ಲದವನು. ಹುಟ್ಟಿ ಬೆಳೆದ ಊರಿನಲ್ಲಿ, ತನ್ನದೇ ಮನೆಯ ಜಗಲಿಯ ಮೇಲೆ ಕುಳಿತು ಆ ಮುದುಕಿ ತನ್ನನ್ನು ಪರದೇಶಿಯೆಂದುಕೊಂಡಳು. ದೂರದಲ್ಲಿರುವುದರಿಂದ ಯಾರೂ ಪರರಾಗುವುದಿಲ್ಲ, ಇದಿರಿಗೆ ಬಂದು ನಿಲ್ಲುವವರಿಲ್ಲದಾಗ ಆಗುತ್ತಾರೆ ಎಂಬ ಅರ್ಥವನ್ನು ಯಾವ ನಿಘಂಟಿನಲ್ಲಿಯೂ ನಾನು ಓದಿರಲಿಲ್ಲ. ಹುಡುಗಿ ನನ್ನ ಪರಿಚಯ ಹೇಳಲಿಲ್ಲ. “ಅಜ್ಜಿ, ತಗ, ರೊಟ್ಟಿ” ಎಂದು ಡಬ್ಬಿಯನ್ನು ಕೈಗಿತ್ತಳು.

ಮುಂದಿನ ಮಳೆಗಾಲದಲ್ಲಿ ಆ ಮನೆಯವರು ಹಿಂದಿರುಗಿದರು. ನಾನು ನಿವೃತ್ತನಾಗುವವರೆಗೂ ಪ್ರತಿವರ್ಷ ಆ ವಚನವನ್ನು ಬೋಧಿಸಿದೆನು. ‘ಅಳುವುದು’ ಎಂಬಲ್ಲಿ ನಿಂತು, ‘ಉಣಿಸುವುದು’ ಎಂದು ಇಲ್ಲವೆಂಬುದನ್ನು ಮಕ್ಕಳಿಗೆ ತೋರಿಸಿಯೇ ಮುಂದೆ ಹೋಗುತ್ತಿದ್ದೆನು. ಶಬ್ದಾರ್ಥವನ್ನು ಕಲಿಸುವವರಿಗೆ ಇದು ಉಪಯೋಗವಾದೀತೆಂದು ನಂಬಿ ವಿಜ್ಞವಾಚಕರ ಅವಗಾಹನೆಗೆ ಒಪ್ಪಿಸಿದ್ದೇನೆ.